ಬೆಣ್ಣೆಹಣ್ಣನ್ನು ಅಂಗೈಯ ಮೇಲಿಟ್ಟು ಕತ್ತರಿಸಬೇಡಿ

ಬೆಣ್ಣೆಹಣ್ಣನ್ನು (ಅವೊಕಾಡೊ) ಎಡಗೈಯಲ್ಲಿ ಹಿಡಿದುಕೊಂಡು ಬಲಗೈಯಲ್ಲಿ ಚಾಕು ಆಡಿಸುವ ಅಭ್ಯಾಸ ನಮ್ಮ ಅಡುಗೆಮನೆಗಳಲ್ಲಿ ಎಷ್ಟು ರೂಢಿಯಾಗಿದೆಯೆಂದರೆ, ಅದರಲ್ಲಿ ಅಪಾಯವಿದೆ ಎಂದರೆ ಕೇಳಿದವರಿಗೆ ಆಶ್ಚರ್ಯವಾಗುತ್ತದೆ. ಮಾವು, ಪೇರಲೆ, ಮುಳ್ಳುಸೌತೆಗಳನ್ನೆಲ್ಲ ಹಾಗೆಯೇ ಕೈಯಲ್ಲಿ ಹಿಡಿದು ಹೆಚ್ಚಿದವರು ನಾವು. ಆದರೆ ಈ ಹಣ್ಣಿನ ಸ್ವಭಾವ ಬೇರೆ. ಇದನ್ನು ಕತ್ತರಿಸುವಾಗ ಪಾಲಿಸಬೇಕಾದ ನಿಯಮ ಒಂದೇ: ಚಾಕು ಕೈಯಲ್ಲಿರುವಷ್ಟು ಹೊತ್ತು ಹಣ್ಣು ಮಣೆಯ ಮೇಲಿರಬೇಕು, ಹಣ್ಣು ಕೈಗೆ ಬಂದಾಗ ಚಾಕು ಕೆಳಗಿರಬೇಕು.

ತೀರ್ಥಹಳ್ಳಿಯ ಸುತ್ತಮುತ್ತ ಹಿತ್ತಲಿನಲ್ಲೋ ತೋಟದ ಅಂಚಿನಲ್ಲೋ ಒಂದೆರಡು ಬೆಣ್ಣೆಹಣ್ಣಿನ ಮರ ಇಟ್ಟುಕೊಂಡ ಮನೆಗಳಿವೆ. ಮಳೆಗಾಲ ಹಿಡಿಯಿತೆಂದರೆ ಚಿಕ್ಕಮಗಳೂರು ಮತ್ತು ಕೊಡಗಿನ ಕಾಫಿ ತೋಟಗಳಲ್ಲಿ ನೆರಳಿನ ಮರಗಳ ನಡುವೆ ಬೆಳೆದ ಹಣ್ಣು ಶಿವಮೊಗ್ಗದ ಗಾಂಧಿ ಬಜಾರಿನ ಅಂಗಡಿಗಳಿಗೂ ಬರುತ್ತದೆ. ಹಿಂದೆ ಇದನ್ನು ಪೇಟೆಗೆ ಹೋದಾಗ ಜ್ಯೂಸ್ ಅಂಗಡಿಯಲ್ಲಿ ಕುಡಿದು ಬರುತ್ತಿದ್ದವರೇ ಹೆಚ್ಚು. ಕತ್ತರಿಸುವ ಕೆಲಸ ಅಂಗಡಿಯವನದು. ಈಗ ಹಣ್ಣು ಮನೆಗೆ ಬರುತ್ತಿದೆ, ಮಕ್ಕಳು ಕೇಳುತ್ತಾರೆ, ಮೊಬೈಲಿನಲ್ಲಿ ನೋಡಿದ ಬಗೆಯಲ್ಲಿ ಬೀಜಕ್ಕೆ ಚಾಕು ಹೊಡೆದು ತೆಗೆಯುವ ಪ್ರಯತ್ನವೂ ಮನೆಯಲ್ಲೇ ನಡೆಯುತ್ತದೆ. ಈ ಬರಹವನ್ನು ಬರೆಯಲು ಅದೇ ಕಾರಣ.

ನಮ್ಮೂರಿನ ಹೆಂಗಸರ ಕೈ ಕತ್ತಿಗೆ ಹೊಸದಲ್ಲ. ಸುಗ್ಗಿಯಲ್ಲಿ ಸಾಲಾಗಿ ಮೆಟ್ಟುಗತ್ತಿ (ಕಾಲಿನಿಂದ ಮೆಟ್ಟಿ ಹಿಡಿಯುವ, ಅಲಗು ಮೇಲೆದ್ದ ಕತ್ತಿ) ಹಾಕಿಕೊಂಡು ಕುಳಿತು, ಮಾತಾಡುತ್ತಲೇ ಅಡಿಕೆ ಸುಲಿಯುವವರ ಕೈಚಳಕವನ್ನು ಕಂಡವರಿಗೆ ಇದು ಗೊತ್ತು. ಆದರೆ ಅಡಿಕೆ ಸುಲಿದು ಪಳಗಿದ ಆ ಧೈರ್ಯವೇ ಬೆಣ್ಣೆಹಣ್ಣಿನ ಮುಂದೆ ಕೈಕೊಡುತ್ತದೆ. ಅಡಿಕೆಯಲ್ಲಿ ಕತ್ತಿಗೆ ಸಿಗುವುದು ನಾರಿನ ಸಿಪ್ಪೆ; ಅದು ಕತ್ತಿಯನ್ನು ಹಿಡಿದು ನಿಲ್ಲಿಸುತ್ತದೆ, ಎಷ್ಟು ಒತ್ತಿದರೆ ಎಷ್ಟು ಇಳಿಯುತ್ತದೆ ಎಂಬುದು ಕೈಗೆ ತಿಳಿದಿರುತ್ತದೆ. ಬೆಣ್ಣೆಹಣ್ಣಿನಲ್ಲಿ ಅದೆಲ್ಲ ತಲೆಕೆಳಗು. ಹೊರಗಿನ ಸಿಪ್ಪೆ ಒಂದಿಷ್ಟು ಬಿಗಿ, ಅದನ್ನು ದಾಟಿದ ಕೂಡಲೇ ತಡೆಯೇ ಇಲ್ಲದ ಮೆತ್ತನೆಯ ತಿರುಳು, ಅದರೊಳಗೆ ನುಣ್ಣಗಿನ ಗಟ್ಟಿ ಬೀಜ. ಸಿಪ್ಪೆಗೆಂದು ಹಾಕಿದ ಒತ್ತಡ ತಿರುಳಿನಲ್ಲಿ ತಡೆಯಿಲ್ಲದೆ ನುಗ್ಗಿ ಬೀಜದ ದುಂಡು ಮೈಗೆ ಬಡಿದು ಪಕ್ಕಕ್ಕೆ ಜಾರುತ್ತದೆ. ಜಾರಿದ ಚಾಕು ಹೋಗುವ ದಾರಿಯಲ್ಲಿ ಇರುವುದು ಹಣ್ಣನ್ನು ಹಿಡಿದ ಅಂಗೈ.

ಬೀಜದ ರಚನೆಯನ್ನೂ ಇಲ್ಲಿ ಹೇಳಬೇಕು. ಹಣ್ಣಿನ ಬೀಜವನ್ನು ತೊಳೆದು, ಮೇಲಿನ ತೆಳುವಾದ ಕಂದು ಪೊರೆಯನ್ನು ಉಗುರಿನಿಂದ ಕಿತ್ತು ನೋಡಿ. ಹುರುಳಿ, ಅವರೆಗಳಲ್ಲಿ ಇರುವಂತೆಯೇ ಎರಡು ದಪ್ಪ ದಳಗಳು ಒಂದಕ್ಕೊಂದು ಅಂಟಿಕೊಂಡಿರುತ್ತವೆ, ನಡುವೆ ಕೂದಲೆಳೆಯಷ್ಟು ಸಣ್ಣ ಗೆರೆ ಕಾಣುತ್ತದೆ. ಚಾಕುವಿನ ಮೊನೆ ಆ ಗೆರೆಗೆ ಬಿತ್ತೆಂದರೆ ಬೀಜ ಫಕ್ಕನೆ ಎರಡಾಗುತ್ತದೆ, ಮೊನೆ ಒಂದಿಷ್ಟೂ ನಿಲ್ಲದೆ ಕೆಳಗಿನ ತಿರುಳು, ತೆಳು ಸಿಪ್ಪೆ, ಅದರಡಿಯ ಅಂಗೈ ಎಲ್ಲವನ್ನೂ ದಾಟುತ್ತದೆ. ನನ್ನ ಚಿಕ್ಕಮ್ಮನಿಗೆ ಆದದ್ದು ಇದೇ. ಗಾಯ ನೋಡುವುದಕ್ಕೆ ಬೆರಳ ಉಗುರಿನಷ್ಟೂ ಅಗಲವಿರಲಿಲ್ಲ, ರಕ್ತವೂ ಬೇಗ ನಿಂತಿತು, ಆದರೆ ತೋರುಬೆರಳಿನ ಒಂದು ಮಗ್ಗಲು ಜೋಮು ಹಿಡಿದಂತೆಯೇ ಉಳಿಯಿತು. ಒಳಗೆ ನರ ತುಂಡಾಗಿತ್ತು.

ಅಂಗೈಯ ಚರ್ಮದಡಿಯಲ್ಲಿ ಹೆಚ್ಚು ಮಾಂಸವಿಲ್ಲ. ಬೆರಳುಗಳನ್ನು ಮಡಚುವ ಸ್ನಾಯುರಜ್ಜುಗಳು, ಪ್ರತಿ ಬೆರಳಿನ ಎರಡೂ ಪಕ್ಕಕ್ಕೆ ಹೋಗುವ ಸ್ಪರ್ಶದ ನರಗಳು, ರಕ್ತನಾಳಗಳು ಇವೆಲ್ಲ ಅಲ್ಲಿ ಒತ್ತೊತ್ತಾಗಿವೆ. ಹಾಗಾಗಿ ಸಣ್ಣ ಮೊನೆಯ ಆಳವಾದ ಗಾಯ ಅಗಲವಾದ ಗೀರಿಗಿಂತ ಕೆಟ್ಟದ್ದು. ಈ ಗಾಯ ಈಗ ಲೋಕದೆಲ್ಲೆಡೆ ಎಷ್ಟು ಸಾಮಾನ್ಯವಾಗಿದೆಯೆಂದರೆ ಕೈಯ ಶಸ್ತ್ರಚಿಕಿತ್ಸಕರು ಅದಕ್ಕೆ ‘ಅವೊಕಾಡೊ ಹ್ಯಾಂಡ್’ ಎಂಬ ಹೆಸರನ್ನೇ ಕೊಟ್ಟಿದ್ದಾರೆ. 2017ರಲ್ಲಿ ಬ್ರಿಟನ್ನಿನ ಪ್ಲಾಸ್ಟಿಕ್ ಸರ್ಜನ್ನರ ಸಂಘದ ಪದಾಧಿಕಾರಿಯೊಬ್ಬರು ಹಣ್ಣಿನ ಮೇಲೆ ಎಚ್ಚರಿಕೆಯ ಚೀಟಿ ಅಂಟಿಸಬೇಕೆಂದು ಸೂಚಿಸಿದ್ದರು. ಅಮೆರಿಕದಲ್ಲಿ 1998ರಿಂದ 2017ರವರೆಗೆ ಸುಮಾರು 50 ಸಾವಿರ ಮಂದಿ ಈ ಹಣ್ಣನ್ನು ಕತ್ತರಿಸುವಾಗ ಚಾಕು ತಗುಲಿ ತುರ್ತು ಚಿಕಿತ್ಸೆಗೆ ಬಂದರೆಂದು ಅಲ್ಲಿನ ಆಸ್ಪತ್ರೆಗಳ ದಾಖಲೆಗಳನ್ನು ಆಧರಿಸಿದ ಅಧ್ಯಯನವೊಂದು ಅಂದಾಜು ಮಾಡಿತು. ಅವರಲ್ಲಿ ಹೆಂಗಸರೇ ಹೆಚ್ಚು, ಗಾಯವೂ ಹೆಚ್ಚಾಗಿ ಎಡಗೈಗೆ. ಹಣ್ಣು ಹಿಡಿಯುವ ಕೈ ಅದೇ ತಾನೆ.

ಜೋಪಾನದ ಕೆಲಸ ಕತ್ತರಿಸುವ ಹೊತ್ತಿಗಲ್ಲ, ಹಣ್ಣನ್ನು ಮಾಗಿಸುವ ಹೊತ್ತಿಗೇ ಶುರುವಾಗುತ್ತದೆ. ಬೆಣ್ಣೆಹಣ್ಣು ಮರದಲ್ಲಿ ಮೆತ್ತಗಾಗುವುದಿಲ್ಲ. ಬಲಿತ ಕಾಯನ್ನು ಕೊಯ್ದ ಮೇಲೆಯೇ ಅದು ಹಣ್ಣಾಗುವುದು. ಮನೆಯ ಮರವಾದರೆ ದೋಟಿಯಲ್ಲಿ ಒಂದು ಕಾಯಿ ಇಳಿಸಿ ಕೊಯ್ದು ನೋಡಬಹುದು: ಬೀಜದ ಮೇಲಿನ ಪೊರೆ ಬೆಳ್ಳಗಿದ್ದರೆ ಕಾಯಿ ಎಳಸು, ಕಂದು ಬಣ್ಣಕ್ಕೆ ತಿರುಗಿದ್ದರೆ ಬಲಿತಿದೆ. ಕೆಲವು ಜಾತಿಗಳಲ್ಲಿ ಬಲಿತ ಕಾಯನ್ನು ಅಲುಗಾಡಿಸಿದರೆ ಒಳಗೆ ಬೀಜ ಲೊಟಲೊಟ ಎನ್ನುತ್ತದೆ. ಮಳೆಯಲ್ಲಿ ಈ ಮರವನ್ನು ಹತ್ತಲೇಬಾರದು. ಕೊಂಬೆ ಸುಲಭವಾಗಿ ಮುರಿಯುತ್ತದೆ. ಕೊಯ್ಯುವಾಗ ಸ್ವಲ್ಪ ತೊಟ್ಟು ಉಳಿಸಿದರೆ ಆ ಜಾಗದಿಂದ ಕೊಳೆಯುವುದು ತಪ್ಪುತ್ತದೆ. ನೆಲಕ್ಕೆ ಬಿದ್ದು ಪೆಟ್ಟಾದ ಕಾಯನ್ನು ಬೇರೆಯೇ ಇಟ್ಟು ಮೊದಲು ಮುಗಿಸಬೇಕು.

ಬಲಿತ ಕಾಯಿಯನ್ನು ಅಕ್ಕಿ ಡ್ರಮ್ಮಿನಲ್ಲಿ ಹುಗಿದಿಡುವುದು ನಮ್ಮಲ್ಲಿ ರೂಢಿ, ಅದು ಸರಿಯಾದ ರೂಢಿಯೇ. ಹಣ್ಣು ತಾನೇ ಹೊರಬಿಡುವ ಎಥಿಲೀನ್ ಅನಿಲ ಅಲ್ಲಿಯೇ ಉಳಿದು ಮಾಗುವಿಕೆಯನ್ನು ಚುರುಕುಗೊಳಿಸುತ್ತದೆ. ಕಾಗದದ ಚೀಲದಲ್ಲಿ ಒಂದು ಹಣ್ಣಾದ ಬಾಳೆಯೊಡನೆ ಇಟ್ಟರೂ ಅದೇ ಫಲ. ಮಾಗುವ ಮೊದಲೇ ಫ್ರಿಜ್ಜಿಗೆ ಸೇರಿಸಿದರೆ ಚಳಿಗೆ ಕಾಯಿ ಸರಿಯಾಗಿ ಹಣ್ಣಾಗದೆ ಒಳಗೆ ಕಪ್ಪಾಗುತ್ತದೆ. ಮಾಗಿದ ಮೇಲೆ ಬೇಕಾದರೆ ಒಂದೆರಡು ದಿನ ಫ್ರಿಜ್ಜಿನಲ್ಲಿರಲಿ.

ಬಣ್ಣ ನೋಡಿ ಮಾಗಿದ್ದನ್ನು ತೀರ್ಮಾನಿಸುವುದು ನಮ್ಮ ಹಣ್ಣಿಗೆ ಹೊಂದುವುದಿಲ್ಲ. ಹಣ್ಣಾದಾಗ ಕಪ್ಪಾಗುವುದು ಹಾಸ್ ಎಂಬ ತಳಿಯ ಗುಣ. ಕ್ಯಾಲಿಫೋರ್ನಿಯಾದ ರುಡಾಲ್ಫ್ ಹಾಸ್ ಎಂಬ ಅಂಚೆಯವರು 1935ರಲ್ಲಿ ಪೇಟೆಂಟ್ ಪಡೆದ, ದೊರಗು ಸಿಪ್ಪೆಯ ಸಣ್ಣ ಹಣ್ಣು ಅದು; ಸೂಪರ್ ಮಾರ್ಕೆಟ್ಟುಗಳಲ್ಲಿ ಹೊರದೇಶದಿಂದ ಬರುವುದು ಹೆಚ್ಚಾಗಿ ಅದೇ. ನಮ್ಮ ಮಲೆನಾಡಿನ ಹಣ್ಣುಗಳಲ್ಲಿ ಹಲವು ತಿನ್ನುವ ದಿನವೂ ಹಸಿರಾಗಿಯೇ ಇರುತ್ತವೆ, ಸಿಪ್ಪೆ ತೆಳು, ಕುತ್ತಿಗೆ ಉದ್ದ, ಗಾತ್ರ ದೊಡ್ಡದು. ಹಾಗಾಗಿ ಇಡೀ ಹಣ್ಣನ್ನು ಅಂಗೈಯಲ್ಲಿ ಹಿಡಿದು ಮೆಲ್ಲಗೆ ಒತ್ತಿ ನೋಡಬೇಕು. ಹೆಬ್ಬೆರಳಿನಿಂದ ಚುಚ್ಚಿದರೆ ಆ ಜಾಗ ಕಪ್ಪಾಗಿಬಿಡುತ್ತದೆ. ಒತ್ತಿದಾಗ ಒಂದಿಷ್ಟು ಬಗ್ಗಿದರೆ ಹಣ್ಣು ತಯಾರು. ಕಲ್ಲಿನಂತಿದ್ದರೆ ಇನ್ನೊಂದು ದಿನ ಕಾಯಿರಿ, ಏಕೆಂದರೆ ಗಟ್ಟಿ ಕಾಯನ್ನು ಕತ್ತರಿಸಲು ಹೊರಟಾಗಲೇ ಕೈ ಬಲವಾಗಿ ಒತ್ತುತ್ತದೆ, ಬೀಜವೂ ತಿರುಳನ್ನು ಬಿಡದೆ ಕಚ್ಚಿಕೊಂಡಿರುತ್ತದೆ. ಸರಿಯಾಗಿ ಮಾಗಿದ ಹಣ್ಣಿಗೆ ಬಲವೇ ಬೇಡ.

ಸಿಪ್ಪೆ ತಿನ್ನುವುದಿಲ್ಲವಲ್ಲ, ತೊಳೆಯುವುದೇಕೆ ಎಂದು ಹಲವರು ಕೇಳುತ್ತಾರೆ. ಸಿಪ್ಪೆಯ ಮೇಲಿನ ಕೊಳೆಯನ್ನು ಚಾಕುವೇ ತಿರುಳಿನೊಳಕ್ಕೆ ಒಯ್ಯುತ್ತದೆ. ಅಮೆರಿಕದ ಆಹಾರ ಮತ್ತು ಔಷಧ ಆಡಳಿತ ಸಂಸ್ಥೆ 2018ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ, ಪರೀಕ್ಷಿಸಿದ ಸಿಪ್ಪೆಯ ಮಾದರಿಗಳಲ್ಲಿ ಶೇ. 17ಕ್ಕೂ ಹೆಚ್ಚಿನವುಗಳಲ್ಲಿ ಲಿಸ್ಟೀರಿಯಾ ಎಂಬ ಬ್ಯಾಕ್ಟೀರಿಯಾ ಇತ್ತು. ಬಸುರಿಯರಿಗೆ, ವಯಸ್ಸಾದವರಿಗೆ ಅದು ಗಂಭೀರ ಕಾಯಿಲೆ ತರಬಲ್ಲದು. ಹರಿಯುವ ನೀರಿನಡಿ ಕೈಯಿಂದಲೋ ಮೆತ್ತನೆಯ ಬ್ರಷ್ಷಿನಿಂದಲೋ ಉಜ್ಜಿ ತೊಳೆದು, ಒಣ ಬಟ್ಟೆಯಿಂದ ಪೂರ್ತಿ ಒರೆಸಿಕೊಳ್ಳಿ. ಈ ಒರೆಸುವ ಕೆಲಸವನ್ನು ಮರೆಯಬಾರದು. ಮಳೆಗಾಲದ ತೇವಕ್ಕೆ, ಫ್ರಿಜ್ಜಿನಿಂದ ತೆಗೆದಾಗ ಬೆವರಿದ ನೀರಿಗೆ ಹಣ್ಣಿನ ಮೈ ಜಾರುತ್ತಲೇ ಇರುತ್ತದೆ.

ಇನ್ನು ಕತ್ತರಿಸುವ ಕ್ರಮ. ಹೆಚ್ಚುವ ಮಣೆಯ ಅಡಿಯಲ್ಲಿ ಒದ್ದೆ ಬಟ್ಟೆಯೊಂದನ್ನು ಹಿಂಡಿ ಹಾಸಿದರೆ ಮಣೆ ಜರುಗುವುದಿಲ್ಲ. ಚಾಕು ತರಕಾರಿ ಹೆಚ್ಚುವ ಮಾಮೂಲಿ ಚಾಕುವೇ ಸಾಕು, ಆದರೆ ಹರಿತವಾಗಿರಬೇಕು; ಮೊಂಡು ಚಾಕು ಸುರಕ್ಷಿತ ಎಂಬ ನಂಬಿಕೆ ತಪ್ಪು, ಅದು ಸಿಪ್ಪೆಯ ಮೇಲೆ ಹಿಡಿತ ಸಿಗದೆ ಜಾರುತ್ತದೆ. ಹಣ್ಣನ್ನು ಮಣೆಯ ಮೇಲೆ ಮಗ್ಗುಲಾಗಿ ಮಲಗಿಸಿ. ಎಡ ಅಂಗೈಯನ್ನು ಚಪ್ಪಟೆಯಾಗಿ ಅದರ ಮೇಲಿಟ್ಟು, ಬೆರಳ ತುದಿಗಳು ಹಣ್ಣನ್ನು ಬಳಸಿ ಕೆಳಗಿಳಿಯದಂತೆ ಸ್ವಲ್ಪ ಮೇಲೆತ್ತಿಕೊಳ್ಳಿ. ಚಾಕುವನ್ನು ಮಣೆಗೆ ಸಮಾನಾಂತರವಾಗಿ ಹಿಡಿದು, ಹಣ್ಣಿನ ಪಕ್ಕದಿಂದ, ತೊಟ್ಟಿನಿಂದ ಬುಡದವರೆಗೆ ಉದ್ದಕ್ಕೆ ಬರುವಂತೆ ಮೆಲ್ಲಗೆ ಒಳಗೆ ಒಯ್ಯಿರಿ. ಬೀಜ ತಾಗಿದ್ದು ಚಾಕುವಿನ ಹಿಡಿಯಲ್ಲೇ ಗೊತ್ತಾಗುತ್ತದೆ. ಅಲ್ಲಿಗೆ ನಿಲ್ಲಿಸಬೇಕು. ಆಮೇಲೆ ಚಾಕುವನ್ನು ಕದಲಿಸದೆ, ಮೇಲಿನ ಕೈಯಿಂದ ಹಣ್ಣನ್ನೇ ಮಣೆಯ ಮೇಲೆ ಮಲಗಿದಂತೆಯೇ ನಿಧಾನವಾಗಿ ತಿರುಗಿಸುತ್ತ ಹೋದರೆ, ಕೊಯ್ದ ಗೆರೆ ಸುತ್ತು ಬಂದು ತಾನು ಹೊರಟ ಜಾಗವನ್ನೇ ಸೇರುತ್ತದೆ. ತಿರುಗುವುದು ಹಣ್ಣು, ಚಾಕುವಲ್ಲ. ಕೈಯೂ ಯಾವ ಹಂತದಲ್ಲಿಯೂ ಅಲಗಿನ ಎದುರಿಗೆ ಬರುವುದಿಲ್ಲ.

ಈಗ ಚಾಕುವನ್ನು ಕೆಳಗಿಡಿ. ಹಣ್ಣನ್ನು ಎರಡೂ ಕೈಯಲ್ಲಿ ಎತ್ತಿಕೊಂಡು, ಒಂದು ಹೋಳನ್ನು ಮುಂದಕ್ಕೂ ಇನ್ನೊಂದನ್ನು ಹಿಂದಕ್ಕೂ ತಿರುಚಿದರೆ ಎರಡಾಗಿ ಬಿಚ್ಚುತ್ತದೆ. ಒಂದರಲ್ಲಿ ಗುಳಿ, ಇನ್ನೊಂದರಲ್ಲಿ ಬೀಜ.

ಮೆಟ್ಟುಗತ್ತಿಯಲ್ಲಿ ಕೊಯ್ಯಬಹುದೇ ಎಂಬುದು ನಮ್ಮ ಕಡೆಯ ಹಿರಿಯರ ಪ್ರಶ್ನೆ. ಕತ್ತಿ ಕದಲುವುದಿಲ್ಲ, ಎರಡೂ ಕೈ ಹಣ್ಣಿನ ಮೇಲೆಯೇ ಇರುತ್ತವೆ, ಹಾಗಾಗಿ ಹಣ್ಣನ್ನು ಅಲಗಿಗೆ ಒತ್ತಿ ಸುತ್ತ ತಿರುಗಿಸುವುದು ಪಳಗಿದವರಿಗೆ ಕಷ್ಟವಲ್ಲ. ಆದರೂ ನಾನು ಬೇಡವೆಂದೇ ಹೇಳುತ್ತೇನೆ. ಮೆಟ್ಟುಗತ್ತಿಯಲ್ಲಿ ಕೈಗಳು ಅಲಗಿನ ಕಡೆಗೇ ಚಲಿಸುತ್ತಿರುತ್ತವೆ. ಮಾಗಿದ ಹಣ್ಣು ಇದ್ದಕ್ಕಿದ್ದಂತೆ ಪಿಚ್ಚನೆ ಅಮುಕಿದರೆ ಅವುಗಳನ್ನು ಹಿಂದೆಳೆಯುವಷ್ಟು ಹೊತ್ತು ಸಿಗುವುದಿಲ್ಲ. ಹಲಸಿನಕಾಯಿಗೂ ಬಾಳೆದಿಂಡಿಗೂ ಅದೇ ಸರಿ, ಈ ಹಣ್ಣಿಗಲ್ಲ.

ಬೀಜ ತೆಗೆಯುವುದೇ ಮುಖ್ಯವಾದ ಹಂತ, ಹೆಚ್ಚಿನ ಗಾಯಗಳಾಗುವುದೂ ಇಲ್ಲಿಯೇ. ಹೋಟೆಲಿನ ಬಾಣಸಿಗರು ಚಾಕುವಿನ ಅಲಗನ್ನು ಬೀಜಕ್ಕೆ ಟಪ್ಪನೆ ಹೊಡೆದು ತಿರುಚಿ ಎತ್ತುವುದನ್ನು ನೋಡಿರಬಹುದು. ಮನೆಯಲ್ಲಿ ಅದರ ಅಗತ್ಯವೇ ಇಲ್ಲ. ಹೋಳನ್ನು ಮಣೆಯ ಮೇಲಿಟ್ಟು, ಊಟದ ಚಮಚದ ತುದಿಯನ್ನು ಬೀಜ ಮತ್ತು ತಿರುಳಿನ ನಡುವೆ ಇಳಿಸಿ, ಬೀಜದ ಅಡಿಗೆ ತಂದು ಮೀಟಿದರೆ ಅದು ಸಲೀಸಾಗಿ ಎದ್ದು ಬರುತ್ತದೆ. ನಮ್ಮ ದೊಡ್ಡ ಬೀಜದ ಹಣ್ಣುಗಳಲ್ಲಿ ಹಲವಕ್ಕೆ ಚಮಚವೂ ಬೇಡ. ಹೋಳನ್ನು ಬೋರಲು ಹಿಡಿದು ಸಿಪ್ಪೆಯ ಕಡೆಯಿಂದ ಎರಡೂ ಹೆಬ್ಬೆರಳುಗಳಿಂದ ಒತ್ತಿದರೆ ಬೀಜ ತಾನೇ ತಟ್ಟೆಗೆ ಬೀಳುತ್ತದೆ. ಅಷ್ಟಕ್ಕೂ ಬಾರದಿದ್ದರೆ ಹಣ್ಣು ಇನ್ನೂ ಪೂರ್ತಿ ಮಾಗಿಲ್ಲವೆಂದು ಅರ್ಥ. ಆಗ ಬೀಜವಿರುವ ಹೋಳನ್ನು ಮಣೆಯ ಮೇಲೆ ಬೋರಲಾಗಿಟ್ಟು, ಸಿಪ್ಪೆಯ ಮೇಲಿನಿಂದ ಬೀಜ ತಾಗುವವರೆಗೆ ಉದ್ದಕ್ಕೆ ಇನ್ನೊಂದು ಗೆರೆ ಕೊಯ್ದು, ಚಾಕು ಕೆಳಗಿಟ್ಟು, ಕೈಯಿಂದ ಬಿಡಿಸಿದರೆ ಬೀಜದ ಬೆನ್ನು ಹಿಡಿತಕ್ಕೆ ಸಿಗುತ್ತದೆ.

ಪಕ್ಕದ ಮನೆಯ ಹುಡುಗಿ, ಈ ವರ್ಷ ಕಾಲೇಜಿಗೆ ಸೇರಿದವಳು, ಒಂದು ಸಂಜೆ ಹಣ್ಣು ಹಿಡಿದುಕೊಂಡು ಬಂದು, “ಅಕ್ಕಾ, ಬೀಜಕ್ಕೆ ಚಾಕು ಹೇಗೆ ಹೊಡೆಯೋದು, ಒಂದ್ಸಲ ತೋರ್ಸಿಕೊಡಿ” ಎಂದಳು. “ಹೊಡೆಯೋದೇ ಬೇಡ ಮಾರಾಯ್ತಿ, ಚಮಚ ತಗಾ” ಎಂದು ಅವಳ ಕೈಯಲ್ಲೇ ಮಾಡಿಸಿದೆ. “ಇಷ್ಟೇನಾ!” ಎಂದು ಅವಳು ಉಳಿದ ಹಣ್ಣುಗಳನ್ನೂ ತಾನೇ ಬಿಡಿಸಿಕೊಟ್ಟು ಹೋದಳು. ಚಿಕ್ಕ ಮಕ್ಕಳಿಗೂ ಈ ಕ್ರಮದಲ್ಲಿ ಚಮಚದ ಪಾಲಿನ ಕೆಲಸವನ್ನು ಧೈರ್ಯವಾಗಿ ಕೊಡಬಹುದು. ಅವರಿಗೆ ಅದರಲ್ಲಿ ಬಹಳ ಖುಷಿ.

ತಿರುಳನ್ನು ಅರೆಯುವುದಾದರೆ ಚಮಚದಿಂದ ಗೋರಿಕೊಂಡರೆ ಮುಗಿಯಿತು. ಸಿಪ್ಪೆಗೆ ತಾಗಿದ ಕಡುಹಸಿರು ಪದರವನ್ನೂ ಬಿಡದೆ ತೆಗೆಯಿರಿ, ಅದೂ ತಿನ್ನುವ ಭಾಗವೇ. ಹೋಳುಗಳಾಗಿ ಬೇಕೆಂದರೆ, ಸಿಪ್ಪೆಯೊಳಗೇ ಚಾಕುವಿನಿಂದ ಗೆರೆ ಎಳೆಯುವ ಪದ್ಧತಿಯೊಂದಿದೆ. ಹೋಳು ಕೈಯಲ್ಲಿದ್ದು ಹಾಗೆ ಮಾಡಿದರೆ ತೆಳು ಸಿಪ್ಪೆ ಸೀಳಿ ಅಂಗೈಗೆ ತಾಗುತ್ತದೆ. ಅದರ ಬದಲು ಇಡೀ ತಿರುಳನ್ನು ದೊಡ್ಡ ಚಮಚದಿಂದ ಎತ್ತಿ ಮಣೆಯ ಮೇಲೆ ಬೋರಲು ಹಾಕಿ ಹೆಚ್ಚಿಕೊಳ್ಳುವುದು ಉತ್ತಮ.

ಇಷ್ಟಾಗಿಯೂ ಚಾಕು ತಗುಲಿದರೆ, ಶುದ್ಧವಾದ ಬಟ್ಟೆಯಿಂದ ಗಾಯವನ್ನು ಬಿಗಿಯಾಗಿ ಒತ್ತಿ ಹಿಡಿದು ಕೈಯನ್ನು ಎದೆಗಿಂತ ಮೇಲೆತ್ತಬೇಕು. ಕಾಫಿಪುಡಿ, ಅರಿಸಿನ, ಸುಣ್ಣ ಯಾವುದನ್ನೂ ತುಂಬಬಾರದು. ಆಳದ ಗಾಯದಲ್ಲಿ ಅವು ಸೋಂಕಿಗೆ ದಾರಿಯಾಗುತ್ತವೆ, ವೈದ್ಯರಿಗೂ ಒಳಗೇನಾಗಿದೆ ಎಂದು ಕಾಣುವುದಿಲ್ಲ. ರಕ್ತ ನಿಂತ ಮೇಲೆ ಪ್ರತಿ ಬೆರಳನ್ನೂ ಮಡಚಿ ನೋಡಿ, ಎರಡೂ ಪಕ್ಕ ಮುಟ್ಟಿ ನೋಡಿ. ಬೆರಳು ಮಡಚಲಾಗದಿದ್ದರೆ, ಒಂದು ಕಡೆ ಸ್ಪರ್ಶ ತಿಳಿಯದಿದ್ದರೆ, ರಕ್ತ ನಿಲ್ಲದಿದ್ದರೆ ಅಥವಾ ಮೊನೆ ಆಳಕ್ಕೆ ಇಳಿದಿದೆಯೆನಿಸಿದರೆ ಅಂದೇ ಆಸ್ಪತ್ರೆಗೆ ಹೋಗಬೇಕು. ಘಟ್ಟದ ಮಳೆಯಲ್ಲಿ ಹಳ್ಳಿಯಿಂದ ಶಿವಮೊಗ್ಗಕ್ಕೆ ಹೊರಡುವುದು ಸುಲಭವಲ್ಲ, ನಾಳೆ ನೋಡೋಣ ಎನ್ನಿಸುವುದು ಸಹಜ; ಆದರೆ ತುಂಡಾದ ಸ್ನಾಯುರಜ್ಜುವನ್ನೂ ನರವನ್ನೂ ಬೇಗ ಜೋಡಿಸಿದಷ್ಟೂ ಕೈ ಮೊದಲಿನಂತಾಗುವ ಸಾಧ್ಯತೆ ಹೆಚ್ಚು. ಧನುರ್ವಾಯುವಿನ ಚುಚ್ಚುಮದ್ದಿನ ಬಗ್ಗೆಯೂ ಅಲ್ಲಿಯೇ ಕೇಳಿ.

ಕೊಯ್ದ ತಿರುಳು ಕಪ್ಪಾಗುವುದು ಗಾಳಿಯ ಆಮ್ಲಜನಕ ಮತ್ತು ಹಣ್ಣಿನೊಳಗಿನ ಕಿಣ್ವದ ಕೆಲಸ. ನಿಂಬೆರಸ ಸವರಿದರೆ ಹುಳಿಗೆ ಆ ಕಿಣ್ವ ಮಂದವಾಗುತ್ತದೆ. ನಮ್ಮಲ್ಲಿ ಕಂಚಿಕಾಯಿ ಸಿಗುವ ಕಾಲದಲ್ಲಿ ಅದರ ರಸವೂ ಆದೀತು. ಮೇಲೆ ಗಾಳಿಯಾಡದಂತೆ ಪ್ಲಾಸ್ಟಿಕ್ ಹಾಳೆಯನ್ನು ತಿರುಳಿಗೇ ತಾಗಿಸಿ ಮುಚ್ಚಿ ಫ್ರಿಜ್ಜಿನಲ್ಲಿಟ್ಟರೆ ಮರುದಿನಕ್ಕೆ ಬರುತ್ತದೆ. ಹಣ್ಣನ್ನು ನೀರಿನಲ್ಲಿ ಮುಳುಗಿಸಿ ಫ್ರಿಜ್ಜಿನಲ್ಲಿಡುವ ಉಪಾಯ ಕೆಲವು ವರ್ಷಗಳ ಹಿಂದೆ ಎಲ್ಲರ ಮೊಬೈಲಿನಲ್ಲಿ ಹರಿದಾಡಿತು. ಅದನ್ನು ಮಾಡಬೇಡಿ. ಸಿಪ್ಪೆಯ ಮೇಲಿನ ಬ್ಯಾಕ್ಟೀರಿಯಾ ಆ ನೀರಿನಲ್ಲಿ ಹೆಚ್ಚಾಗಿ ತಿರುಳಿಗೂ ಇಳಿಯುವ ಅಪಾಯವಿರುವುದರಿಂದ 2022ರಲ್ಲಿ ಅಮೆರಿಕದ ಅದೇ ಸಂಸ್ಥೆ ಇದರ ವಿರುದ್ಧ ಎಚ್ಚರಿಸಿದೆ. ಲಿಸ್ಟೀರಿಯಾ ಫ್ರಿಜ್ಜಿನ ತಂಪಿನಲ್ಲಿಯೂ ಬೆಳೆಯುವಂಥದ್ದು.

ಅಡುಗೆಗೆ ಬಳಸುವಾಗ ನೆನಪಿಡಬೇಕಾದದ್ದು, ಈ ತಿರುಳನ್ನು ಕುದಿಸಬಾರದು. ಬೆಂಕಿ ಹೆಚ್ಚಾದರೆ ಕಹಿಯಾಗುತ್ತದೆ. ಅದಕ್ಕೇ ಇದು ನಮ್ಮ ತಂಬುಳಿಗೆ ಹೇಳಿ ಮಾಡಿಸಿದ ಹಣ್ಣು. ಕಾಯಿತುರಿ, ಜೀರಿಗೆ, ಒಂದು ಹಸಿಮೆಣಸು ರುಬ್ಬಿ, ಅದಕ್ಕೆ ಗೋರಿದ ತಿರುಳು ಸೇರಿಸಿ ಇನ್ನೊಂದು ಸುತ್ತು ತಿರುಗಿಸಿ, ಉಪ್ಪು ಹಾಕಿ, ಹುಳಿಯಾಗದ ಮಜ್ಜಿಗೆಯಲ್ಲಿ ತೆಳ್ಳಗೆ ಮಾಡಿಕೊಂಡು, ಸಾಸಿವೆ ಮತ್ತು ಒಣಮೆಣಸಿನ ಒಗ್ಗರಣೆಯನ್ನು ಸ್ವಲ್ಪ ಆರಿಸಿ ಹಾಕಿದರೆ ಬಿಸಿ ಅನ್ನಕ್ಕೆ ಬಲು ರುಚಿ. ಅಕ್ಕಿರೊಟ್ಟಿಗಾದರೆ ಮಜ್ಜಿಗೆ ಬಿಟ್ಟು ಈರುಳ್ಳಿ ಸೇರಿಸಿ ಗಟ್ಟಿಯಾದ ಗೊಜ್ಜು ಮಾಡಬಹುದು. ಹಾಲು ಮತ್ತು ಜೋನಿ ಬೆಲ್ಲ ಹಾಕಿದ ಜ್ಯೂಸನ್ನು ಮಾಡಿದ ಕೂಡಲೇ ಕುಡಿಯಬೇಕು, ಇಟ್ಟಷ್ಟೂ ಕಹಿ ಏರುತ್ತದೆ. 100 ಗ್ರಾಂ ತಿರುಳಿನಲ್ಲಿ ಸುಮಾರು 15 ಗ್ರಾಂ ಕೊಬ್ಬಿನಂಶವಿರುವುದರಿಂದ ಒಂದು ಹೊತ್ತಿಗೆ ಒಬ್ಬರಿಗೆ ಅರ್ಧ ಹಣ್ಣು ಧಾರಾಳವಾಯಿತು. ರಬ್ಬರಿನ ಕೈಗವಸು ಹಾಕಿದರೆ ಮೈ ತುರಿಸುವವರು ಮೊದಲ ಬಾರಿ ತಿನ್ನುವಾಗ ಎಚ್ಚರ ವಹಿಸಬೇಕು. ರಬ್ಬರಿನ ಅಲರ್ಜಿ ಇರುವ ಕೆಲವರಿಗೆ ಬಾಳೆಹಣ್ಣಿನಂತೆ ಈ ಹಣ್ಣೂ ಒಗ್ಗುವುದಿಲ್ಲ.

ಹಸು ಕಟ್ಟಿದ ಮನೆಗಳಿಗೆ ಒಂದು ಮಾತು ಬಾಕಿಯಿದೆ. ಅಡುಗೆಮನೆಯ ಸಿಪ್ಪೆ, ತೊಳೆದ ನೀರು ಎಲ್ಲವನ್ನೂ ಕಲಗಚ್ಚಿನ ಬಾನಿಗೆ ಸುರಿಯುವುದು ನಮ್ಮ ವಾಡಿಕೆ. ಬೆಣ್ಣೆಹಣ್ಣಿನ ಸಿಪ್ಪೆ, ಬೀಜಗಳನ್ನು ಮಾತ್ರ ಅದಕ್ಕೆ ಹಾಕಬಾರದು, ಮರದ ಸೊಪ್ಪನ್ನು ಮೇವಾಗಿ ಕಡಿದು ಕೊಡಲೂಬಾರದು. ಈ ಗಿಡದಲ್ಲಿ, ಅದರಲ್ಲೂ ಎಲೆಯಲ್ಲಿ, ಪರ್ಸಿನ್ ಎಂಬ ವಿಷಕಾರಿ ಅಂಶವಿದೆ. ಹಾಲು ಕೊಡುವ ದನ, ಮೇಕೆಗಳ ಕೆಚ್ಚಲು ಬಾತು ಹಾಲು ಕಡಿಮೆಯಾಗುವುದು, ಹೆಚ್ಚು ತಿಂದರೆ ಹೃದಯದ ಸ್ನಾಯುವಿಗೆ ಪೆಟ್ಟಾಗುವುದು ಇದರಿಂದಲೇ. ಕೋಳಿಗೂ ಸಾಕಿದ ಗಿಳಿಗೂ ಇದು ಆಗದು. ಸಿಪ್ಪೆಯನ್ನೂ ಬೀಜವನ್ನೂ ಕೋಳಿ ಕೆದಕದಂತೆ ಗೊಬ್ಬರಗುಂಡಿಯಲ್ಲಿ ಆಳಕ್ಕೆ ಹಾಕಿ ಮಣ್ಣು ಮುಚ್ಚಿ. ಬೀಜ ಹಾಕಿ ಗಿಡ ಮಾಡುವ ಆಸೆಯಿದ್ದರೆ ದನ ಬಾಯಿ ಹಾಕದ ಕಡೆ ನೆಡಿ. ಬೀಜದ ಗಿಡ ತಾಯಿಮರದಂಥದ್ದೇ ಹಣ್ಣು ಕೊಡುತ್ತದೆಂಬ ಭರವಸೆಯಿಲ್ಲ, ಫಲಕ್ಕೆ ಹಲವು ವರ್ಷ ಕಾಯಲೂಬೇಕು. ಹಣ್ಣಿಗಾಗಿಯೇ ನೆಡುವವರು ಕಸಿ ಗಿಡವನ್ನು ತರುವುದು ಲೇಸು. ಕೊಡಗಿನ ಚೆಟ್ಟಳ್ಳಿಯಲ್ಲಿರುವ ತೋಟಗಾರಿಕಾ ಸಂಶೋಧನಾ ಕೇಂದ್ರದಲ್ಲಿ ಬೆಣ್ಣೆಹಣ್ಣಿನ ತಳಿಗಳ ಮೇಲೆ ಕೆಲಸ ನಡೆದಿದೆ, ಅಲ್ಲಿ ವಿಚಾರಿಸಬಹುದು.